ಹುಡುಗಿ ಎದುರು ಕುಸ್ತಿ: ಬಿಟ್ಟುಕೊಡಬೇಕಾ?

ಪ್ರಶ್ನೆ: ಸರ್, ಶಿವಮೊಗ್ಗದಲ್ಲಿ ಮ್ಯಾಟ್ ಕುಸ್ತಿ ಕಲಿಯುತ್ತಿದ್ದೇನೆ, ತೂಕ 61 ಕೆ.ಜಿ. ಮಳೆಗಾಲಕ್ಕೆ ಹುಡುಗರು ಕಡಿಮೆ ಬರುತ್ತಾರೆ. ಹಾಗಾಗಿ ಕೋಚ್ ನನಗೆ ಒಬ್ಬ ಹುಡುಗಿಯನ್ನು ಜೋಡಿ ಮಾಡಿದ್ದಾರೆ. ಎಲ್ಲಿ ಹಿಡಿಯಬೇಕು, ಎಷ್ಟು ಜೋರು ಹಾಕಬೇಕು ಗೊತ್ತಾಗದೆ ಸುಮ್ನೆ ಬಿದ್ದುಬಿಡುತ್ತೇನೆ. ಅವಳಿಗೆ ಸಿಟ್ಟು. ಏನು ಮಾಡಲಿ?
– ಹೆಸರು ಬೇಡ, ತೀರ್ಥಹಳ್ಳಿ

ಉತ್ತರ: ಸಿಟ್ಟು ಬರದೆ ಇನ್ನೇನಪ್ಪಾ? ಜಡಿಮಳೆಯಲ್ಲಿ ಬಸ್ಸು ಹಿಡಿದು ಪಟ್ಟು ಕಲಿಯಲು ಬಂದವಳ ಮುಂದೆ ನೀನು ಗಾಳಿಗೆ ಬಾಳೆಗಿಡ ಒರಗಿದ ಹಾಗೆ ಒರಗಿದರೆ ಅವಳು ಕಲಿಯುವುದಾದರೂ ಏನನ್ನು? ಮರ್ಯಾದೆ ಕೊಡುತ್ತಿದ್ದೇನೆ ಅಂದುಕೊಂಡಿದ್ದೀಯ. ಅವಳಿಗೆ ಅದು ಅವಮಾನ.

ಇದೇನು ಹೊಸದಲ್ಲ. 2016ರಲ್ಲಿ ರಿಯೊ ಒಲಿಂಪಿಕ್ಸ್‌ನಲ್ಲಿ 58 ಕೆ.ಜಿ. ವಿಭಾಗದ ಕಂಚು ಗೆದ್ದ ಸಾಕ್ಷಿ ಮಲಿಕ್ ರೋಹ್ಟಕ್‌ನಲ್ಲಿ ಹುಡುಗರ ಜೊತೆ ಸೆಣಸಿಯೇ ಬೆಳೆದವರು. ಅದಕ್ಕೂ ಮೊದಲು, 1954ರಲ್ಲೇ ಹಮೀದಾ ಬಾನು ಎಂಬ ಮಹಿಳಾ ಕುಸ್ತಿಪಟು ಬಾಬಾ ಪೈಲ್ವಾನ್ ಎಂಬ ಗಂಡು ಕುಸ್ತಿಪಟುವನ್ನು 1 ನಿಮಿಷ 34 ಸೆಕೆಂಡಿನಲ್ಲಿ ಸೋಲಿಸಿದ್ದರು. ಆ ಪೈಲ್ವಾನರೂ ನಿನ್ನ ಹಾಗೆ ಸುಮ್ನೆ ಬಿದ್ದರು ಅಂತ ಹೇಳಬೇಡ ಮತ್ತೆ!

ಹಿಡಿಯುವ ಮಾತು. ಫ್ರೀಸ್ಟೈಲಿನಲ್ಲಿ ಕಾಲು, ಸೊಂಟ, ತೋಳು ಎಲ್ಲ ಹಿಡಿಯಬಹುದು. ಹಿಡಿದರೆ ಗಟ್ಟಿಯಾಗಿ ಹಿಡಿ. ನಾಚಿಕೊಂಡು ಅರ್ಧ ಹಿಡಿದು ಅರ್ಧ ಬಿಟ್ಟರೆ ನೀನು ಎತ್ತಿದಾಗ ಅವಳು ಜಾರಿ ಬೀಳುತ್ತಾಳೆ, ಬೆರಳೋ ಭುಜವೋ ಹೋಗುತ್ತದೆ. ಬಟ್ಟೆ, ಕೂದಲು, ಕಿವಿ ಎಳೆಯುವಂತಿಲ್ಲ, ಇದು ಗಂಡಸರಿಗೂ ಇರುವ ನಿಯಮವೇ. ಒಂದು ಮಾತ್ರ ಬೇರೆ: ಹಿಂದಿನಿಂದ ಎರಡೂ ಕಂಕುಳಲ್ಲಿ ಕೈ ತೂರಿಸಿ ಕುತ್ತಿಗೆ ಒತ್ತುವ ಡಬಲ್ ನೆಲ್ಸನ್ ಹೆಂಗಸರ ಕುಸ್ತಿಯಲ್ಲಿ ನಿಷಿದ್ಧ. ನಿನಗೆ ಅದು ರೂಢಿಯಾಗಿದ್ದರೆ ಅವಳ ಜೊತೆ ಬಿಟ್ಟುಬಿಡು.

ಶುರುವಾಗುವ ಮೊದಲೇ ಅವಳನ್ನು ಕೇಳು: ಇವತ್ತು ಪೂರ್ತಿ ಜೋರಾ, ಬರೀ ಪಟ್ಟಾ? ಎಲ್ಲಾದರೂ ನೋವಿದೆಯಾ? ಅವಳು ಹಗುರ ಇದ್ದರೆ ನಿನ್ನ ವೇಗ ಬಳಸು, ತೂಕ ಹಾಕಿ ಮೇಲೆ ಬೀಳಬೇಡ. ಸಾಕು ಅಂತ ಅವಳು ಕೈ ತಟ್ಟಿದರೆ ತಕ್ಷಣ ಬಿಡು, ‘ಇನ್ನೊಂದು ಸೆಕೆಂಡ್’ ಇಲ್ಲ. ಉಗುರು ಕತ್ತರಿಸಿಕೊಂಡು ಹೋಗು. ಹುಳುಕಡ್ಡಿ ಎದ್ದಿದ್ದರೆ ಮನೆಯಲ್ಲೇ ಇರು. ನಮ್ಮ ಮಲೆನಾಡಿನ ಜುಲೈನಲ್ಲಿ ಬಟ್ಟೆ ಒಣಗುವುದಿಲ್ಲ, ಒಬ್ಬರಿಂದ ಇಡೀ ಮ್ಯಾಟಿಗೆ ಹರಡುತ್ತದೆ.

ಅವಳು ಗೆದ್ದರೆ ಕೈಕುಲುಕು. ಗೆಳೆಯರ ಮುಂದೆ ‘ಬಿಟ್ಟುಕೊಟ್ಟೆ ಕಣೋ’ ಅನ್ನುವ ಚಾಳಿ ಇದೆಯಲ್ಲ, ಅದಕ್ಕಿಂತ ಕೆಟ್ಟದ್ದು ಈ ಆಟದಲ್ಲಿ ಇನ್ನೊಂದಿಲ್ಲ.

ಪ್ರಶ್ನೆ: ನಾನು ಕುಸ್ತಿ ಆಡುತ್ತೇನೆ ಅಂತ ಗೊತ್ತಾದ ಮೇಲೆ ಪರಿಚಯವೇ ಇಲ್ಲದವನೊಬ್ಬ ‘ನನ್ನ ಜೊತೆ ಆಡ್ತೀರಾ’ ಅಂತ ಮೆಸೇಜ್ ಮಾಡುತ್ತಲೇ ಇದ್ದಾನೆ. ಬೇಡ ಅಂದರೂ ಕೇಳುತ್ತಿಲ್ಲ. ನನ್ನ ಅಭ್ಯಾಸದ ವಿಡಿಯೊ ಬೇಕಂತೆ.
– ಓದುಗಿ, ಸಾಗರ

ಉತ್ತರ: ನಿಜವಾದ ಆಸಕ್ತಿ ಇರುವವನು ನಿಮ್ಮ ಕೋಚ್ ಹತ್ತಿರ ಬಂದು ಕೇಳುತ್ತಾನೆ, ಹಗಲು ಹೊತ್ತು, ನಾಲ್ಕು ಜನರ ಎದುರು. ಇವನಿಗೆ ಕುಸ್ತಿ ಬೇಕಿಲ್ಲಮ್ಮ. ಬೇಡ ಅಂತ ಒಮ್ಮೆ ಹೇಳಿದ್ದೀರಿ, ಸಾಕು, ಕಾರಣ ಕೊಡುತ್ತಾ ಕೂರಬೇಡಿ. ಮೆಸೇಜ್‌ಗಳ ಸ್ಕ್ರೀನ್‌ಶಾಟ್ ತೆಗೆದಿಟ್ಟು ಬ್ಲಾಕ್ ಮಾಡಿ, ಮನೆಯಲ್ಲಿ ಒಬ್ಬರಿಗೆ, ಕೋಚ್‌ಗೆ ತಿಳಿಸಿ. ಹೆಣ್ಣು ಒಲ್ಲೆ ಅಂದ ಮೇಲೂ ಬೆನ್ನು ಬೀಳುವುದು ಭಾರತೀಯ ನ್ಯಾಯ ಸಂಹಿತೆಯ 78ನೇ ಸೆಕ್ಷನ್ ಪ್ರಕಾರ ಅಪರಾಧ. ಬೇರೆ ನಂಬರಿನಿಂದ ಮತ್ತೆ ಶುರು ಮಾಡಿದರೆ ಆ ಸ್ಕ್ರೀನ್‌ಶಾಟ್‌ಗಳನ್ನು ತೆಗೆದುಕೊಂಡು ಪೊಲೀಸ್ ಠಾಣೆಗೆ ಹೋಗಿ. ವಿಡಿಯೊ ಅಂತೂ ಬೇಡವೇ ಬೇಡ.