ಸ್ಟಾರ್ ಟ್ರೆಕ್ ಅನ್ನೋ ಸೈನ್ಸ್ ಫಿಕ್ಷನ್ ಕಥೆಗಳಲ್ಲಿ ಬರೋ ಟೆಂಪೊರಲ್ ಅಕಾರ್ಡ್ಸ್ ಅಂದ್ರೆ ಏನು?

ಟೈಮ್ ಟ್ರಾವೆಲ್‌ಗೆ ಲಗಾಮು ಹಾಕೋಕೆ ಮಾಡ್ಕೊಂಡಿರೋ ಒಪ್ಪಂದ ಅದು, ಹಳೇ ಕಾಲಕ್ಕೆ ಹೋಗಿ ಇತಿಹಾಸ ನೋಡ್ಕೊಂಡು ಸ್ಟಡಿ ಮಾಡ್ಕೊಂಡು ಬನ್ನಿ, ಆದ್ರೆ ಏನನ್ನೂ ಮುಟ್ಟಬೇಡಿ ಅಂತ. 2001ರಲ್ಲಿ ಶುರುವಾದ ಎಂಟರ್‌ಪ್ರೈಸ್ ಸೀರೀಸ್‌ನ ಮೊದಲ ಸೀಸನ್‌ನಲ್ಲೇ ಡೇನಿಯಲ್ಸ್ ಅನ್ನೋನು (ಹಡಗಲ್ಲಿ ತಿಂಡಿ ತಂದ್ಕೊಡೋ ಕೆಲಸದಲ್ಲಿರ್ತಾನೆ ಪುಣ್ಯಾತ್ಮ, ಯಾರಿಗೂ ಡೌಟೇ ಬರಲ್ಲ) ನಾನು ಸುಮಾರು 900 ವರ್ಷ ಮುಂದಿನೋನು ಅಂತ ಕ್ಯಾಪ್ಟನ್ ಆರ್ಚರ್‌ಗೆ ಇದನ್ನೆಲ್ಲ ಬಿಡಿಸಿ ಹೇಳ್ತಾನೆ.

ಮಜಾ ಇರೋದು ಇದನ್ನ ಜಾರಿ ಮಾಡೋದ್ರಲ್ಲಿ. ರೂಲ್ ಮುರಿದೋನು ಇತಿಹಾಸನೇ ಬದಲಾಯಿಸಿಬಿಟ್ರೆ ಮುರಿದಿದ್ದಕ್ಕೆ ಸಾಕ್ಷಿನೇ ಉಳಿಯಲ್ಲ, ಅವನನ್ನ ಹಿಡಿಯೋಕೆ ಹೋಗೋನೂ ಟೈಮ್ ಟ್ರಾವೆಲ್ ಮಾಡ್ಲೇಬೇಕು, ಅಂದ್ರೆ ಬೇಲಿ ಕಾಯೋನೂ ಬೇಲಿ ಹಾರಿದ ಹಾಗೇ. ಕೆಲವ್ರು ಒಪ್ಪಂದಕ್ಕೆ ಕೇರ್ ಮಾಡ್ಲಿಲ್ಲ, ಅಲ್ಲಿಂದಾನೇ ಟೆಂಪೊರಲ್ ಕೋಲ್ಡ್ ವಾರ್ (ಬೇರೆ ಬೇರೆ ಕಾಲದ ಗುಂಪುಗಳು ಇತಿಹಾಸ ಬದಲಾಯಿಸೋಕೆ ಗುಟ್ಟಾಗಿ ನಡೆಸೋ ಗುದ್ದಾಟ) ಕಥೆ.

2020ರಲ್ಲಿ ಬಂದ ಡಿಸ್ಕವರಿ ಅನ್ನೋ ಇನ್ನೊಂದು ಸ್ಟಾರ್ ಟ್ರೆಕ್ ಸೀರೀಸ್‌ನ 3ನೇ ಸೀಸನ್ ಹೊತ್ತಿಗೆ ಟೈಮ್ ಟ್ರಾವೆಲ್ ಪೂರ್ತಿ ಬ್ಯಾನ್, ಟೆಕ್ನಾಲಜಿನೂ ನಾಶ ಮಾಡಿರ್ತಾರೆ. ಹಾಗಾಗಿ 900ಕ್ಕೂ ಹೆಚ್ಚು ವರ್ಷ ಹಾರಿ ಬಂದ ಡಿಸ್ಕವರಿ ಹಡಗಿನೋರು ಅಲ್ಲಿ ಇರೋದೇ ಕಾನೂನು ಪ್ರಕಾರ ಅಪರಾಧ! ನನಗನ್ಸೋದು, ಈ ಬ್ಯಾನ್ ಪಾತ್ರಗಳಿಗಿಂತ ಕಥೆ ಬರೆಯೋರಿಗೇ ಜಾಸ್ತಿ ಬೇಕಿತ್ತು, ಇಲ್ಲಾಂದ್ರೆ ಪ್ರತಿ ಸಮಸ್ಯೆಗೂ ಹಿಂದಕ್ಕೆ ಹೋಗಿ ಸರಿ ಮಾಡ್ಬಹುದಲ್ಲ ಅಂತ ನೋಡೋರು ಕೇಳ್ತಾರೆ.