ಎನ್‌ಬಿಎ (ಅಮೆರಿಕದ ವೃತ್ತಿಪರ ಬಾಸ್ಕೆಟ್‌ಬಾಲ್ ಲೀಗ್) ಆಟಗಾರರು ನಿವೃತ್ತಿಯ ನಂತರ ಏನು ಮಾಡುತ್ತಾರೆ? ಕೆಲವರು ದಿವಾಳಿಯಾಗುವುದೇಕೆ?

ಎಲ್ಲರೂ ಕೋಚ್ ಅಥವಾ ಟಿವಿ ವಿಶ್ಲೇಷಕರಾಗಲು ಸಾಧ್ಯವಿಲ್ಲ, ಅಲ್ಲಿರುವ ಹುದ್ದೆಗಳೇ ಕಡಿಮೆ. ನನ್ನ ಪ್ರಕಾರ ಅಧ್ಯಯನಕ್ಕೆ ಯೋಗ್ಯವಾದ ಉದಾಹರಣೆ ಜೂನಿಯರ್ ಬ್ರಿಡ್ಜ್‌ಮನ್. 1975ರಿಂದ 1987ರವರೆಗೆ, ಹೆಚ್ಚಾಗಿ ಮಿಲ್ವಾಕೀ ಬಕ್ಸ್ ಪರ ಆಡಿದವರು; ಬಹುಪಾಲು ಬೆಂಚಿನಿಂದ ಬದಲಿಯಾಗಿ ಇಳಿಯುತ್ತಿದ್ದರು. ಅವರ ಅತಿ ಹೆಚ್ಚಿನ ವಾರ್ಷಿಕ ಸಂಬಳ ಸುಮಾರು 3.5 ಲಕ್ಷ ಡಾಲರ್, ಇಂದಿನ ತಾರೆಯರಿಗೆ ಅದು ಒಂದು ಪಂದ್ಯದ ದುಡ್ಡು. ನಂತರ ವೆಂಡೀಸ್ ಬರ್ಗರ್ ಅಂಗಡಿಗಳ ಫ್ರಾಂಚೈಸಿ ಹಿಡಿದರು. ಬರೀ ಹಣ ಹಾಕಿ ಸುಮ್ಮನಿರಲಿಲ್ಲ, ಅಂಗಡಿಯೊಳಗೆ ನಿಂತು ಕೆಲಸ ಕಲಿತರು. ಮಳಿಗೆಗಳು ನೂರು ದಾಟಿದವು. ಅವನ್ನು ಮಾರಿ 2017ರಲ್ಲಿ ಕೋಕಾ-ಕೋಲಾ ಬಾಟ್ಲಿಂಗ್ ಉದ್ಯಮಕ್ಕೆ ಬಂದರು. 2024ರಲ್ಲಿ ತಮ್ಮ ಹಳೆಯ ತಂಡದಲ್ಲೇ ಶೇ. 10 ಪಾಲು ಕೊಂಡರು, ಮರುವರ್ಷ ತೀರಿಕೊಂಡರು.

ಇನ್ನೊಬ್ಬ ಮಾಜಿ ಆಟಗಾರ ಡೇವ್ ಬಿಂಗ್ ಹಿಡಿದದ್ದು ಉಕ್ಕಿನ ದಾರಿ: 1980ರಲ್ಲಿ ಡೆಟ್ರಾಯಿಟ್‌ನಲ್ಲಿ ಬಿಂಗ್ ಸ್ಟೀಲ್, 2009ರಲ್ಲಿ ಅದೇ ಊರಿನ ಮೇಯರ್ ಪದವಿ.

ಇನ್ನು ದಿವಾಳಿ. ಆಂಟ್ವಾನ್ ವಾಕರ್ ಆಟದಿಂದ ಗಳಿಸಿದ್ದು 10 ಕೋಟಿ ಡಾಲರಿಗೂ ಹೆಚ್ಚು, 2010ರಲ್ಲಿ ದಿವಾಳಿ ಅರ್ಜಿ ಹಾಕಿದರು. ಜೂಜು, ಆಪ್ತರ ಖರ್ಚು ಇದ್ದೇ ಇತ್ತು, ಆದರೆ ನೆಲಕ್ಕೆ ಕೆಡವಿದ್ದು ಶಿಕಾಗೋದಲ್ಲಿ ತಮ್ಮ ಕಂಪನಿಯ ರಿಯಲ್ ಎಸ್ಟೇಟ್ ಸಾಲಗಳಿಗೆ ಕೊಟ್ಟ ಸ್ವಂತ ಜಾಮೀನು. 2008ರ ಹೊತ್ತಿಗೆ ಮಾರುಕಟ್ಟೆ ಕುಸಿದಾಗ ಬ್ಯಾಂಕುಗಳು ಕಂಪನಿಯ ಬದಲು ಅವರನ್ನೇ ಹಿಡಿದವು.

ಒಪ್ಪಂದದ ಮೊತ್ತವೂ ಪೂರ್ತಿ ಕೈಗೆ ಬರುವುದಿಲ್ಲ. ಏಜೆಂಟರಿಗೆ ಗರಿಷ್ಠ ಶೇ. 4, ಅಮೆರಿಕದ ಕೇಂದ್ರ ತೆರಿಗೆ ಮೇಲಿನ ಹಂತದಲ್ಲಿ ಶೇ. 37, ಜೊತೆಗೆ ಆಡಲು ಹೋದ ಹಲವು ರಾಜ್ಯಗಳ ತೆರಿಗೆ. ಲೀಗಿನ ಪಿಂಚಣಿಗೆ ಅರ್ಹರಾಗಲು ಮೂರು ಸೀಸನ್ ಸೇವೆ ಬೇಕು.