ಹಗಲು ಹನ್ನೊಂದಕ್ಕೆ ಮಲಗಿದವರು

ಓದುಗರ ಪತ್ರ: ಕಳೆದ ಸಂಚಿಕೆಯ ‘ರಾತ್ರಿ ತಂಗುದಾಣ’ ಚಿತ್ರಲೇಖನ ನೋಡಿದೆ. ಬೆಂಗಳೂರಿನ ಈ ನಿರಾಶ್ರಿತರ ಕೇಂದ್ರದಲ್ಲಿ ಗಟ್ಟಿಮುಟ್ಟಾದ ಗಂಡಸರು ಹಗಲು ಹನ್ನೊಂದಕ್ಕೆ ಗೊರಕೆ ಹೊಡೆಯುತ್ತಿದ್ದಾರೆ. ಇದಕ್ಕೆ ಸರ್ಕಾರದ ದುಡ್ಡೇ? ಒಂದು ಮುಖವನ್ನೂ ಏಕೆ ತೋರಿಸಲಿಲ್ಲ?

ಸಂಪಾದಕರ ಉತ್ತರ: ಪತ್ರ ಓದಿ ಮೊದಲು ಸಿಟ್ಟು ಬಂತು. ಆಮೇಲೆ ಆ ಪುಟ ತೆಗೆದು ನೋಡಿದೆ. ಹಗಲು ಹನ್ನೊಂದು ಎಂದು ಬರೆದಿದ್ದೇವೆ. ರಾತ್ರಿಯೆಲ್ಲ ಅವರು ಎಲ್ಲಿದ್ದರು ಎಂದು ಬರೆದಿಲ್ಲ.

ಕೆ.ಆರ್. ಮಾರ್ಕೆಟ್‌ಗೆ ತರಕಾರಿ ಲಾರಿಗಳು ಬರುವುದು ನಾವು ನೀವು ಮಲಗಿದ ಮೇಲೆ. ಮೂಟೆ ಇಳಿಸಿ, ಹೊತ್ತು ಹಾಕಿ, ಕೂಲಿ ಕೈಗೆ ಬರುವಾಗ ಬೆಳಕು ಹರಿದಿರುತ್ತದೆ. ಛತ್ರದಲ್ಲಿ ಬಡಿಸುವವರ ಪಾಡೂ ಅದೇ. ಪಾತ್ರೆ ತೊಳೆದು ಹೊರಡುವಾಗ ಬಸ್ಸಿರುವುದಿಲ್ಲ. ಇವರು ಹಗಲಲ್ಲದೆ ಇನ್ಯಾವಾಗ ಮಲಗಬೇಕು? ಮನೆಯಿಲ್ಲದವರ ಇಂಥ ತಂಗುದಾಣಗಳು ವರ್ಷವಿಡೀ, 24 ಗಂಟೆಯೂ ತೆರೆದಿರಬೇಕೆಂದು ಸುಪ್ರೀಂ ಕೋರ್ಟ್ 2010ರಲ್ಲೇ ಹೇಳಿದೆ. ಕೇಂದ್ರ ಸರ್ಕಾರದ 2013ರ ಯೋಜನೆ ಲಕ್ಷ ಜನಸಂಖ್ಯೆಗೆ 100 ಜನ ಉಳಿಯುವಷ್ಟು ಜಾಗ ಇರಬೇಕು ಎಂದಿತ್ತು. 2011ರ ಜನಗಣತಿಯಲ್ಲೇ ಬೆಂಗಳೂರು ನಗರದ್ದು 84 ಲಕ್ಷ. ಲೆಕ್ಕ ನೀವೇ ಹಾಕಿ.

ಇನ್ನೊಂದು ಮಾತು. ‘ನಿರಾಶ್ರಿತರ ಕೇಂದ್ರ’ ಬೇರೆ. ಅದು ಮಾಗಡಿ ರಸ್ತೆಯಲ್ಲಿದೆ, 1975ರ ಭಿಕ್ಷಾಟನೆ ನಿಷೇಧ ಕಾಯ್ದೆಯಡಿ ಹಿಡಿದು ತಂದವರನ್ನು ಇಡುವ ಜಾಗ. ನಾವು ತೋರಿಸಿದ ತಂಗುದಾಣಕ್ಕೆ ಜನ ತಾವೇ ಬರುತ್ತಾರೆ, ರಿಜಿಸ್ಟರಿನಲ್ಲಿ ಹೆಸರು ಬರೆಸುತ್ತಾರೆ, ಕೆಲಸಕ್ಕೆ ಹೋಗುತ್ತಾರೆ.

ಮುಖದ ವಿಷಯ. ‘ತೆಗೀರಿ ಸಾರ್’ ಎಂದವರಿದ್ದರು. ಆದರೆ ಮೇಲ್ವಿಚಾರಕರು ಪಕ್ಕದಲ್ಲೇ ನಿಂತಿದ್ದರು. ಚಾಪೆ ಕೊಡುವವರ ಎದುರು ‘ಬೇಡ’ ಅನ್ನುವುದು ಸುಲಭವಲ್ಲ, ಅಲ್ವಾ? ಕೆಲವರು ಊರಿನಲ್ಲಿ ‘ರೂಮು ಮಾಡಿದ್ದೇನೆ’ ಎಂದು ಹೇಳಿ ಬಂದವರು. ನಮ್ಮ ಪತ್ರಿಕೆ ಅವರೂರಿನ ಕ್ಷೌರದಂಗಡಿಗೂ ಹೋಗುತ್ತದೆ.

ಹಾಗಾಗಿ ಸಾಮಾನುಗಳನ್ನೇ ತೆಗೆದೆವು. ಒಂದೇ ಪ್ಲಗ್ಗಿಗೆ ಜೋತುಬಿದ್ದ ಐದು ಚಾರ್ಜರು. ಪ್ಲಾಸ್ಟಿಕ್ ಕವರಿನಲ್ಲಿ ಸುತ್ತಿ ಅಂಗಿಯೊಳಗೆ ಇಟ್ಟ ಆಧಾರ್. ತಲೆಯಡಿ ಚಪ್ಪಲಿ. ಅದು ದಿಂಬಿಗಾಗಿ ಅಂತ ನಾನೂ ಅಂದುಕೊಂಡಿದ್ದೆ. ಕಳುವಾಗದಿರಲಿ ಅಂತ ಹಾಗಂತೆ. ಹೊಸ ಜೋಡಿಗೆ ಅರ್ಧ ದಿನದ ಕೂಲಿ ಹೋಗುತ್ತದೆ.

ನಿಮ್ಮನ್ನು ದಾರಿ ತಪ್ಪಿಸಿದ್ದು ನಮ್ಮ ಶೀರ್ಷಿಕೆಯೂ ಹೌದು. ‘ರಾತ್ರಿ’ ಎಂದು ಬರೆದವನು ನಾನೇ. ಮುಂದಿನ ಕಂತಿನಿಂದ ಆ ಪದ ತೆಗೆದಿದ್ದೇವೆ.